ನಮ್ಮ ವ್ಯಾಪ್ತಿಗೆ ಬರುವುದಿಲ್ಲ

ಉಲ್ಕಾನ್‌ಳನ್ನು ಬ್ಯಾಂಕಿನಿಂದ ಹೊರಗೆ ಕಳಿಸಿದ್ದು ಕಾವಲಿನವನಲ್ಲ, ಮ್ಯಾನೇಜರಮ್ಮನೇ. ಎದ್ದು ಬಂದು, ಅವಳಿಂದ ಎರಡು ಮಾರು ದೂರ ನಿಂತು, ನಗುನಗುತ್ತಲೇ ಹೇಳಿದಳು.

"ಎಜೆ, ಬೇಜಾರು ಮಾಡ್ಕೋಬೇಡಿ. ನೀವು ನಮ್ಮ ಹಿರಿಯಕ್ಕ ಇದ್ದ ಹಾಗೆ. ಆದ್ರೆ ಇಲ್ಲಿ ಬೇರೆ ಗಿರಾಕಿಗಳೂ ಇರ್ತಾರಲ್ಲ. ನಿಮ್ಮ ಬಟ್ಟೆ ವಾಸನೆಗೆ ಒಬ್ಬರು ಎದ್ದು ಹೋದ್ರು. ಕಂತು ಕಟ್ಟೋಕೆ ನೀವು ಇಲ್ಲಿಗೆ ಬರೋದು ಬೇಡ. ನಮ್ಮ ವಸೂಲಿ ಹುಡುಗ ಎರ್ಮೆಕ್‌ನನ್ನ ಸಂತೆಗೇ ಕಳಿಸ್ತೀನಿ. ಅವನ ಕೈಗೆ ಕೊಟ್ಬಿಡಿ."

ಉಲ್ಕಾನ್ ತಲೆಯಾಡಿಸಿದಳು. ತನ್ನ ಬೂಟಿನ ಗುರುತು ಬಿದ್ದಿದ್ದ ನೆಲವನ್ನೊಮ್ಮೆ ನೋಡಿ ಹೊರಗೆ ಬಂದಳು. ಅವಮಾನ ಅನ್ನಿಸಲಿಲ್ಲ ಎಂದಲ್ಲ. ಅದು ಅಭ್ಯಾಸವಾಗಿತ್ತು.

ಅವಳದು ತಲೆಕಾಲು ಸುಡುವ ಕೆಲಸ. ತಾಷ್-ಕೇಚೂ ಊರಿನ ಸಂತೆಯ ಹಿಂಭಾಗದಲ್ಲಿ, ಕಾಲುವೆಯ ಪಕ್ಕ, ತಗಡಿನ ಮಾಡಿನ ಕೆಳಗೆ. ಕುರಿಯ ತಲೆಯನ್ನು ಕಬ್ಬಿಣದ ಸರಳಿಗೆ ಚುಚ್ಚಿ ಬರ್ನರಿನ ಉರಿಗೆ ಹಿಡಿಯಬೇಕು. ಕೂದಲು ಚುರುಗುಟ್ಟಿ ಕರಕಲಾಗಬೇಕು. ಆಮೇಲೆ ಚಾಕುವಿನಿಂದ ಕೆರೆಯಬೇಕು. ಕಿವಿಯ ಒಳಗೆ, ಮೂಗಿನ ಹೊಳ್ಳೆಯೊಳಗೆ, ತುಟಿಯ ಮಡಿಕೆಯೊಳಗೆ. ಕೊಂಬು ಬಡಿದು ತೆಗೆಯಬೇಕು. ಅದಾದ ಮೇಲೆ ಬೋಟಿ. ಕರುಳನ್ನು ಒಳಗುಹೊರಗು ಮಾಡಿ, ಹಿಮ ಕರಗಿದ ಕಾಲುವೆಯ ನೀರಿನಲ್ಲಿ ತೊಳೆದು, ಕೆರೆದು, ಮತ್ತೆ ತೊಳೆಯಬೇಕು. ಚಳಿಗಾಲದಲ್ಲಿ ಬೆರಳು ಎಲ್ಲಿ ಮುಗಿಯಿತು, ಕರುಳು ಎಲ್ಲಿ ಶುರುವಾಯಿತು ಎಂದು ಗೊತ್ತಾಗುತ್ತಿರಲಿಲ್ಲ. ಸುಟ್ಟ ಕೂದಲಿನ ವಾಸನೆ ಅವಳ ಚರ್ಮಕ್ಕೇ ಇಳಿದಿತ್ತು. ವ್ಯಾನಿನಲ್ಲಿ ಅವಳ ಪಕ್ಕದ ಸೀಟು ಯಾವಾಗಲೂ ಖಾಲಿ. ಮದುವೆಗೆ ಕರೆಯುತ್ತಿದ್ದರು, ಊಟಕ್ಕೆ ಕೂತಾಗ ಬಾಗಿಲ ಹತ್ತಿರ ಜಾಗ ತೋರಿಸುತ್ತಿದ್ದರು. ಅವಳು ಸುಟ್ಟು ಕೆರೆದು ಬೆಳ್ಳಗೆ ಮಾಡಿಕೊಟ್ಟ ತಲೆ ಮಾತ್ರ ತಟ್ಟೆಯಲ್ಲಿ ಕೂತು, ಮನೆಯೊಳಗಿನ ಮೇಲಿನ ಜಾಗದಲ್ಲಿರುವ ದೊಡ್ಡ ಮನುಷ್ಯನ ಮುಂದೆ ಹೋಗುತ್ತಿತ್ತು.

ಗಂಡ ಸತ್ತ ಮೇಲೆ ಸಾಲ ತೆಗೆದಳು. ಒಂದು ಫ್ರೀಜರು, ಹೊಸ ಬರ್ನರು, ತಲೆಯ ಮೇಲೊಂದು ತಗಡು. ಮನೆಯನ್ನು ಅಡ ಇಟ್ಟಳು. ಮಣ್ಣಿಟ್ಟಿಗೆಯ ಎರಡು ಕೋಣೆ, ಹಿಂದೆ ಮೂರ್ನಾಲ್ಕು ಏಪ್ರಿಕಾಟ್ ಗಿಡ. ಬ್ಯಾಂಕಿನಲ್ಲಿ ಕಾಗದಗಳ ಕಟ್ಟನ್ನು ಮುಂದಿಟ್ಟು, ಗುರುತು ಹಾಕಿದ ಕಡೆಯಲ್ಲೆಲ್ಲ ಸಹಿ ಮಾಡಿಸಿಕೊಂಡರು. ಕಾಗದ ರಷ್ಯನ್ ಭಾಷೆಯಲ್ಲಿತ್ತು. ಅವಳಿಗೆ ಕಿರ್ಗಿಜ್ ಓದಲು ಬರುತ್ತಿತ್ತು, ರಷ್ಯನ್‌ನಲ್ಲಿ ಸಂತೆಯ ಬೈಗುಳ ಬರುತ್ತಿತ್ತು. ಏನಿದೆ ಎಂದು ಕೇಳಿದಳು. ಎಲ್ಲರಿಗೂ ಒಂದೇ ಥರದ ಕಾಗದ ಎಂದರು.

ಮೊದಲ ವರ್ಷ ತಾನೇ ಬ್ಯಾಂಕಿಗೆ ಹೋಗಿ ಕಂತು ಕಟ್ಟಿದಳು. ಮ್ಯಾನೇಜರಮ್ಮ ಬೇಡವೆಂದ ಮೇಲೆ ಎರ್ಮೆಕ್ ಪ್ರತಿ ವಾರ ಬರತೊಡಗಿದ. ಚೆಂದದ ಹುಡುಗ. ಇಸ್ತ್ರಿ ಮಾಡಿದ ಶರ್ಟು. ಗಾಳಿ ಯಾವ ಕಡೆಯಿಂದ ಬೀಸುತ್ತಿದೆ ಎಂದು ನೋಡಿಕೊಂಡು ಆ ಕಡೆ ನಿಲ್ಲುತ್ತಿದ್ದ. ಉಲ್ಕಾನ್ ಕೈ ಒರೆಸಿಕೊಂಡು ಎದೆಯೊಳಗಿನಿಂದ ನೋಟು ತೆಗೆದರೆ, ಪ್ಲಾಸ್ಟಿಕ್ ಚೀಲದ ಬಾಯಿ ಅಗಲ ಮಾಡಿ ಹಿಡಿಯುತ್ತಿದ್ದ. ಅವಳು ಹಾಕಬೇಕು, ಅವನು ಮುಟ್ಟುತ್ತಿರಲಿಲ್ಲ.

"ಅಳಿಯ ಬಂದ ನೋಡೇ," ಎಂದು ಪಕ್ಕದ ಮಳಿಗೆಯ ಬಾತ್ಮಾ ಕೂಗುತ್ತಿದ್ದಳು. ಅವಳದು ಗೊರಸು ಕೀಳುವ ಕೆಲಸ. ಗಂಟಲು ದೊಡ್ಡದು. "ಚೀಲ ಹಿಡ್ಕೊಂಡು ಬಂದಿದಾನೆ, ವರದಕ್ಷಿಣೆ ಹಾಕು."

"ರಸೀದಿ ಕೊಡಪ್ಪ," ಎಂದು ಉಲ್ಕಾನ್ ಕೇಳುತ್ತಿದ್ದಳು.

"ಫೋನಲ್ಲೇ ಏರಿಸ್ಬಿಟ್ಟೆ ಎಜೆ. ಈಗೆಲ್ಲ ಕಾಗದ ಇಲ್ಲ."

ಅವನು ಫೋನು ತೋರಿಸುತ್ತಿದ್ದ. ಅದರಲ್ಲಿ ಏನೋ ಹಸಿರಾಗಿ ಹೊಳೆಯುತ್ತಿತ್ತು. ಕೊನೆಯ ಕಂತು ಮುಗಿದ ದಿನ ಉಲ್ಕಾನ್ ಒಳ್ಳೆಯದೊಂದು ಟಗರಿನ ತಲೆ ಆರಿಸಿ, ಹೊಳೆಯುವ ಹಾಗೆ ಕೆರೆದು, ಕಾಗದದಲ್ಲಿ ಸುತ್ತಿ ಅವನಿಗೆ ಕೊಟ್ಟಳು. "ನಿಮ್ಮಪ್ಪನ ಮುಂದೆ ಇಡು," ಎಂದಳು. ಅವನು ಅದನ್ನು ಮಾತ್ರ ಕೈಯಾರೆ ತೆಗೆದುಕೊಂಡ.

ಹಿಮ ಕರಗುವ ಹೊತ್ತಿಗೆ ಬ್ಯಾಂಕಿನಿಂದ ಕಾಗದ ಬಂತು. ಮಗಳು ಜಿಬೆಕ್ ಓದಿದಳು. ಗಂಡ ಬಿಟ್ಟ ಮೇಲೆ ಅವಳು ಎರಡು ಮಕ್ಕಳನ್ನು ಕಟ್ಟಿಕೊಂಡು ತಾಯಿಯ ಮನೆಗೇ ಬಂದಿದ್ದಳು. ಶಾಲೆಯ ಅಡುಗೆಮನೆಯಲ್ಲಿ ಪಾತ್ರೆ ತೊಳೆಯುತ್ತಿದ್ದಳು. ಒಂದು ಸಲ ಓದಿದಳು. ಇನ್ನೊಂದು ಸಲ ಓದಿ ತಾಯಿಯ ಕಡೆ ತಿರುಗಿದಳು.

"ಅಪಾ, ಮೊದಲ ವರ್ಷ ಮಾತ್ರ ದುಡ್ಡು ಬಂದಿದೆಯಂತೆ. ಆಮೇಲೆ ಏನೂ ಬಂದಿಲ್ವಂತೆ. ಬಡ್ಡಿ, ದಂಡ ಎಲ್ಲಾ ಸೇರ್ಸಿದಾರೆ. ಕೊಡದೆ ಇದ್ರೆ ಮನೆ."

ಮೊದಲ ವರ್ಷ ಎಂದರೆ ಅವಳು ಬ್ಯಾಂಕಿನ ಒಳಗೆ ಹೋಗುತ್ತಿದ್ದ ವರ್ಷ. ಆಮೇಲೆ ಎಂದರೆ ಎರ್ಮೆಕ್‌ನ ಚೀಲ.

ಉಲ್ಕಾನ್ ಬರ್ನರು ಆರಿಸಿ, ಏಪ್ರನ್ ಕೂಡ ಬಿಚ್ಚದೆ ಬ್ಯಾಂಕಿಗೆ ಹೋದಳು. ಮ್ಯಾನೇಜರಮ್ಮ ಈ ಸಲ ಎದ್ದು ಬರಲಿಲ್ಲ.

"ಎರ್ಮೆಕ್ ಕೆಲಸ ಬಿಟ್ಟ. ರಷ್ಯಾಕ್ಕೆ ಹೋದನಂತೆ. ನಮ್ಮ ಲೆಕ್ಕಕ್ಕೆ ನಿಮ್ಮ ದುಡ್ಡು ಬಂದಿಲ್ಲ."

"ಅವನ ಕೈಗೆ ಕೊಡಿ ಅಂದೋರು ನೀವೇ ಅಲ್ವಾ?"

"ನಾನಾ? ಎಲ್ಲಿ ಬರೆದುಕೊಟ್ಟಿದೀನಿ ತೋರಿಸಿ."

"ಬಾಯಲ್ಲಿ ಹೇಳಿದ್ರಿ. ಇಲ್ಲೇ ನಿಂತು."

"ನೋಡಿ ಎಜೆ, ತಕರಾರಿದ್ರೆ ಕೋರ್ಟಿಗೆ ಹೋಗಿ. ಅದು ನಿಮ್ಮ ಹಕ್ಕು."

ಹಕ್ಕು ಎಂಬ ಮಾತನ್ನು ಅವಳು ಬಾಗಿಲು ತೋರಿಸುವ ಧಾಟಿಯಲ್ಲಿ ಹೇಳಿದಳು.

ಉಲ್ಕಾನ್ ಕೋರ್ಟಿಗೆ ಹೋದಳು. ಸಂತೆಯಲ್ಲಿ ಅರ್ಜಿ ಬರೆದುಕೊಡುವ ಮುದುಕನೊಬ್ಬನಿಂದ ದಾವೆ ಬರೆಸಿದಳು. ನಾನು ಪೂರ್ತಿ ಕಟ್ಟಿದ್ದೇನೆ, ಬ್ಯಾಂಕಿನವರೇ ಕಳಿಸಿದ ಮನುಷ್ಯನ ಕೈಗೆ ಕೊಟ್ಟಿದ್ದೇನೆ, ಸಂತೆಯವರೆಲ್ಲ ನೋಡಿದ್ದಾರೆ. ಇಷ್ಟೇ ಇತ್ತು ಅದರಲ್ಲಿ. ಸಾಕ್ಷಿಗೆಂದು ಬಾತ್ಮಾ ಜೊತೆಗೆ ಬಂದಳು. ತಲೆಗೆ ಹೊಸ ವಸ್ತ್ರ ಕಟ್ಟಿಕೊಂಡು, ಹೇಳಬೇಕಾದ್ದನ್ನೆಲ್ಲ ದಾರಿಯುದ್ದಕ್ಕೂ ಬಾಯಿಪಾಠ ಮಾಡಿಕೊಂಡು ಬಂದಿದ್ದಳು.

ನ್ಯಾಯಾಧೀಶ ಚಿಕ್ಕ ವಯಸ್ಸಿನವನು. ನೆಗಡಿಯಾಗಿತ್ತು. ದಾವೆ ಓದಲಿಲ್ಲ. ಸಾಲದ ಕರಾರು ತೆಗೆದು ಕೊನೆಯ ಹಾಳೆಗೆ ಹೋದ.

"ಈ ಸಹಿ ನಿಮ್ಮದೇನಾ?"

"ನನ್ನದೇ."

"ಹಾಗಾದ್ರೆ ಇದು ನಮ್ಮ ವ್ಯಾಪ್ತಿಗೆ ಬರೋದಿಲ್ಲ." ಮೂಗು ಒರೆಸಿಕೊಂಡ. "ಈ ಕರಾರಿನ ತಕರಾರು ಏನೇ ಇದ್ರೂ ರಾಜಧಾನಿಯಲ್ಲಿರೋ ಮಧ್ಯಸ್ಥಿಕೆ ನ್ಯಾಯಾಲಯದಲ್ಲೇ ತೀರ್ಮಾನ ಆಗಬೇಕು ಅಂತ ಇಲ್ಲಿ ಬರೆದಿದೆ. ಅದು ಸರ್ಕಾರದ ಕೋರ್ಟಲ್ಲ, ಖಾಸಗಿ. ಎರಡೂ ಕಡೆಯವರು ಒಪ್ಪಿ ಆರಿಸ್ಕೊಳ್ಳೋದು."

"ಯಾರು ಆರಿಸ್ಕೊಂಡಿದ್ದು ಸ್ವಾಮಿ?"

"ನೀವೇ. ಸಹಿ ಇದೆಯಲ್ಲ."

"ನಾನು ಆರಿಸ್ಕೊಂಡಿದ್ದು ಫ್ರೀಜರ್‌ನ."

ಗುಮಾಸ್ತೆ ಹುಡುಗಿ ಬಾಯಿಗೆ ಕೈ ಅಡ್ಡ ಹಿಡಿದಳು. ನ್ಯಾಯಾಧೀಶ ನಗಲಿಲ್ಲ. ಕೆಟ್ಟವನೂ ಅಲ್ಲ ಅವನು. ಕಿಟಕಿ ತೆಗೆಯಲು ಕಾವಲಿನವನಿಗೆ ಸನ್ನೆ ಮಾಡಿದ, ಅಷ್ಟೇ.

"ನಾನು ದುಡ್ಡು ಕಟ್ಟಿದೀನಿ," ಎಂದಳು ಉಲ್ಕಾನ್. "ಇವಳು ನೋಡಿದಾಳೆ. ಇವಳನ್ನ ಕೇಳಿ."

"ಅದನ್ನೆಲ್ಲ ಅಲ್ಲಿ ಹೇಳಿ."

ಬಾತ್ಮಾ ಬಾಯಿ ತೆರೆದಳು. ಮುಂದಿನ ಕಕ್ಷಿಯವರ ಹೆಸರು ಕೂಗಿ ಆಗಿತ್ತು.

ಠಾಣೆಗೆ ಹೋದಳು. ಎರ್ಮೆಕ್ ನನ್ನ ದುಡ್ಡು ತಿಂದಿದ್ದಾನೆ ಎಂದಳು. ಇದು ಸಾಲದ ವ್ಯವಹಾರ, ಕಳ್ಳತನ ಅಲ್ಲ, ಕೋರ್ಟಿಗೆ ಹೋಗು ಎಂದರು. ಕೋರ್ಟಿನವರು ಬೇರೆ ಕೋರ್ಟಿಗೆ ಹೋಗು ಅಂದರು ಎಂದಳು. ಹಾಗಾದರೆ ಅಲ್ಲಿಗೆ ಹೋಗು ಎಂದರು. ಊರ ಹಿರಿಯರ ಪಂಚಾಯ್ತಿಗೆ ಹೋದಳು. ಅದಕ್ಕೂ ಕಾನೂನಿನಲ್ಲಿ ಜಾಗವಿದೆ. ಬೇಲಿ ಜಗಳ, ಕಾಲುವೆ ನೀರಿನ ಜಗಳ, ಅತ್ತೆ ಸೊಸೆಯ ಜಗಳಕ್ಕೆಲ್ಲ ತೀರ್ಪು ಕೊಡುತ್ತಾರೆ. ಬಿಳಿ ಟೋಪಿಯ ನಾಲ್ವರು ಮುದುಕರು ಗಡ್ಡ ಸವರಿಕೊಂಡು ಕೇಳಿದರು. ಅದರಲ್ಲಿ ಒಬ್ಬ ಎರ್ಮೆಕ್‌ನ ಅಪ್ಪನ ಅಣ್ಣ.

"ಬ್ಯಾಂಕು ಅಂದ್ರೆ ದೊಡ್ಡ ವಿಷಯ ಮಗಳೇ," ಎಂದ ನಡುವಿನ ಮುದುಕ. "ನಮಗೆ ದಕ್ಕೋದಲ್ಲ. ದೇವರ ಮೇಲೆ ಭಾರ ಹಾಕು."

"ದೇವರ ಹತ್ರ ನಾನೇ ಹೋಗ್ತಿದ್ದೆ," ಎಂದಳು ಉಲ್ಕಾನ್. "ನಿಮ್ಮ ಹತ್ರ ಯಾಕೆ ಬಂದೆ ಅಂದ್ರೆ, ನೀವು ಅವನ ದೊಡ್ಡಪ್ಪನ ಪಕ್ಕ ಕೂತಿದೀರ. ಕೇಳಿ ಅವನನ್ನ."

ಯಾರೂ ಕೇಳಲಿಲ್ಲ. ದೊಡ್ಡಪ್ಪ ಬೂಟು ಹಾಕಿಕೊಂಡು ನಮಾಜಿಗೆ ಹೊತ್ತಾಯಿತು ಎಂದ.

ಬೇಸಿಗೆಯಲ್ಲಿ, ಬ್ಯಾಂಕು ಹಾಕಿದ ದಾವೆಗೆ, ರಾಜಧಾನಿಯ ಮಧ್ಯಸ್ಥಿಕೆ ನ್ಯಾಯಾಲಯದಿಂದ ಕರೆ ಬಂತು. ಹಿಂದಿನ ದಿನ ಉಲ್ಕಾನ್ ಹಂಡೆ ತುಂಬ ನೀರು ಕಾಯಿಸಿದಳು. ಉಪ್ಪು ಹಚ್ಚಿ ಕೈ ಉಜ್ಜಿದಳು. ತಲೆಗೆ ಹುಳಿ ಮೊಸರು ಹಚ್ಚಿ ತೊಳೆದಳು. ಉಗುರಿನೊಳಗಿನ ಕಪ್ಪನ್ನು ಸೂಜಿಯಿಂದ ತೆಗೆದಳು, ರಕ್ತ ಬಂತು. ಜಿಬೆಕ್ ತನ್ನ ಕೋಟು ಕೊಟ್ಟು, ಅದರ ಮೇಲೆ ಅತ್ತರು ಚಿಮುಕಿಸಿದಳು.

"ಈಗ ಹೇಗಿದೆ?" ಎಂದಳು ಉಲ್ಕಾನ್.

ಮಗಳು ಹತ್ತಿರ ಬಂದು ಮೂಸಿದಳು. "ಪರವಾಗಿಲ್ಲ," ಎಂದಳು. ಸುಳ್ಳು ಹೇಳುವಾಗ ಅವಳು ಮುಖ ನೋಡುತ್ತಿರಲಿಲ್ಲ.

ಕಣಿವೆ ದಾಟುವ ವ್ಯಾನಿನಲ್ಲಿ ಇಬ್ಬರೂ ಹೋದರು. ಬಾತ್ಮಾಗೆ ವ್ಯಾನಿನ ಬಾಡಿಗೆ ಹೊಂದಲಿಲ್ಲ. ಕಟ್ಟಿದ್ದನ್ನು ಕಂಡಿದ್ದೇನೆ ಎಂದು ಬರೆದು ಹೆಬ್ಬೆಟ್ಟು ಒತ್ತಿ ಕೊಟ್ಟಳು. ವಿಳಾಸ ಹುಡುಕಿಕೊಂಡು ಹೋದರೆ ಎದುರಿಗೆ ಅದೇ ಬ್ಯಾಂಕಿನ ಫಲಕ. ಉಲ್ಕಾನ್ ತಪ್ಪಾಯಿತೆಂದು ನಿಂತಳು. ತಪ್ಪಾಗಿರಲಿಲ್ಲ. ಕೆಳಗೆ ಬ್ಯಾಂಕು, ಮೇಲಿನ ಮಹಡಿಯಲ್ಲಿ ನ್ಯಾಯಾಲಯ. ಎರಡಕ್ಕೂ ಒಂದೇ ಬಾಗಿಲು, ಒಂದೇ ಕಾವಲಿನವನು.

ಒಳಗೆ ಉದ್ದದ ಮೇಜು. ಮೇಜಿನ ಮೇಲೆ ಟೀ, ಒಣದ್ರಾಕ್ಷಿ, ಬಿಸ್ಕತ್ತು. ಮಧ್ಯಸ್ಥನೆಂದು ಕೂತವನು ದುಂಡು ಮುಖದ ವಯಸ್ಸಾದ ಮನುಷ್ಯ. ಬ್ಯಾಂಕಿನ ವಕೀಲ ದಾಮಿರ್ ಅವನ ಬಟ್ಟಲಿಗೆ ಟೀ ಬಗ್ಗಿಸುತ್ತಿದ್ದ. ಇಬ್ಬರೂ ಯಾರದೋ ಮಗನ ಮದುವೆಯ ಮಾತು ಆಡುತ್ತಿದ್ದರು. ಇವರನ್ನು ಕಂಡು ಮಾತು ನಿಲ್ಲಿಸಿದರು, ನಗು ಮುಗಿಯಲು ಸ್ವಲ್ಪ ಹೊತ್ತು ಹಿಡಿಯಿತು.

"ಕೂತ್ಕೊಳ್ಳಿ, ಕೂತ್ಕೊಳ್ಳಿ," ಎಂದ ಮಧ್ಯಸ್ಥ. "ಟೀ ಕುಡೀತೀರಾ?"

ಉಲ್ಕಾನ್ ಬೇಡವೆಂದಳು.

"ಪೂರ್ತಿ ಕಟ್ಟಿದೀನಿ ಅಂತೀರಿ. ರಸೀದಿ?"

"ಕೊಡಲಿಲ್ಲ."

"ಕೌಂಟರ್‌ಗೆ ಹೋಗಿ ಕಟ್ಟಿದ್ರೆ ರಸೀದಿ ಅದಾಗೇ ಬರುತ್ತೆ. ಯಾಕೆ ಹೋಗಲಿಲ್ಲ?"

"ಬರಬೇಡ ಅಂದ್ರು."

"ಬ್ಯಾಂಕಿನವರು? ದುಡ್ಡು ಕಟ್ಟೋಕೆ ಬರೋರನ್ನ ಬೇಡ ಅಂದ್ರಾ? ಯಾಕೆ?"

ಉಲ್ಕಾನ್ ಮೇಜಿನ ಮೇಲಿದ್ದ ತನ್ನ ಕೈಗಳನ್ನು ನೋಡಿದಳು. ಮಗಳ ಮುಂದೆ ಹೇಳಬೇಕಿತ್ತು. ಇದುವರೆಗೆ ಮಗಳಿಗೂ ಹೇಳಿರಲಿಲ್ಲ.

"ನಾರ್ತೀನಿ ಅಂತ."

ಜಿಬೆಕ್ ಕಿಟಕಿಯ ಕಡೆ ತಿರುಗಿದಳು. ದಾಮಿರ್ ತಲೆ ತಗ್ಗಿಸಿ ಬಿಸ್ಕತ್ತಿನ ತಟ್ಟೆಯನ್ನು ಒಂದು ಬೆರಳಿನಿಂದ ಆಚೆ ತಳ್ಳಿದ. ಮಧ್ಯಸ್ಥ ಪೆನ್ನು ಹಿಡಿದಿದ್ದವನು ಬರೆಯಲಿಲ್ಲ. ಅವಳು ಅದನ್ನು ಗಮನಿಸಿದಳು. ಉಳಿದದ್ದೆಲ್ಲ ಬರೆದುಕೊಂಡಿದ್ದ, ಇದನ್ನು ಬರೆಯಲಿಲ್ಲ.

"ಬರ್ಕೊಳ್ಳಿ," ಎಂದಳು.

"ಅದು ವಿಷಯಕ್ಕೆ ಸಂಬಂಧ ಇಲ್ಲ ಎಜೆ."

"ಅದೇ ವಿಷಯ."

ಬಾತ್ಮಾಳ ಕಾಗದವನ್ನು ದಾಮಿರ್ ತಿರುಗಿಸಿ ನೋಡಿ, ನೋಟರಿಯ ಮುದ್ರೆ ಇಲ್ಲ ಎಂದು ಮೇಜಿನ ಮೇಲಿಟ್ಟ. ಆಮೇಲೆ ಮಧ್ಯಸ್ಥ ತುಂಬ ಮೆದುವಾಗಿ ಮಾತಾಡಿದ. ಅವನ ಅಮ್ಮನೂ ಹಳ್ಳಿಯವಳಂತೆ. ಹಾಲು ಕರೆಯುತ್ತಿದ್ದಳಂತೆ. ಬ್ಯಾಂಕಿನವರನ್ನು ತಾನೇ ಒಪ್ಪಿಸುತ್ತಾನಂತೆ, ಬರುವ ವಸಂತದವರೆಗೆ ಮನೆ ಮುಟ್ಟುವುದಿಲ್ಲವಂತೆ, ದಂಡದಲ್ಲೂ ಒಂದಿಷ್ಟು ಬಿಡಿಸುತ್ತಾನಂತೆ. ಒಂದು ಹಾಳೆ ಮುಂದೆ ಸರಿಸಿದ. ಪೆನ್ನು ಅದರ ಮೇಲಿಟ್ಟ.

"ಅಪಾ, ಹಾಕು," ಎಂದಳು ಜಿಬೆಕ್ ಪಿಸುದನಿಯಲ್ಲಿ. "ಚಳಿಗಾಲ ಒಂದು ಕಳೀಲಿ. ಮಕ್ಕಳಿದಾವೆ."

ಉಲ್ಕಾನ್ ಪೆನ್ನು ಎತ್ತಿಕೊಂಡಳು. ಚಳಿಗಾಲ ಎಂಬ ಮಾತು ಅವಳಿಗೆ ಚೆನ್ನಾಗಿ ಅರ್ಥವಾಗುತ್ತಿತ್ತು.

"ಏನಂತ ಬರೆದಿದೆ ಓದು."

"'ಸಾಲ ಬಾಕಿ ಇರುವುದನ್ನು ಪೂರ್ಣವಾಗಿ ಒಪ್ಪಿಕೊಳ್ಳುತ್ತೇನೆ. ಈ ನ್ಯಾಯಾಲಯದ ಬಗ್ಗೆ ನನ್ನ ತಕರಾರು ಇರುವುದಿಲ್ಲ...'"

"ಸಾಕು."

ಪೆನ್ನನ್ನು ಕೆಳಗಿಟ್ಟಳು. ಹಾಳೆಯನ್ನು ಮಧ್ಯಸ್ಥನ ಕಡೆಗೆ ತಳ್ಳಿದಳು. ಅವಳ ಉಗುರಿನ ಗಾಯದಿಂದ ಮತ್ತೆ ಜಿನುಗಿದ ರಕ್ತ ಹಾಳೆಯ ಅಂಚಿಗೆ ಅಂಟಿತು.

"ನಾನು ಕೊಟ್ಟಿದೀನಿ. ಕಾಲುವೇಲಿ ಕೈ ಇಟ್ಟು ದುಡಿದು ಕೊಟ್ಟಿದೀನಿ. ಕೊಟ್ಟಿಲ್ಲ ಅಂತ ನನ್ನ ಕೈಯಿಂದಾನೇ ಬರೆಸ್ಕೋಬೇಕು ಅಂತ ಕರೆಸಿದ್ರಾ ಇಷ್ಟು ದೂರ?"

"ಎಜೆ, ಕೋರ್ಟಿಗೆ ಮರ್ಯಾದೆ ಕೊಟ್ಟು ಮಾತಾಡಿ."

"ಇದು ಯಾವ ಕೋರ್ಟು? ಕೆಳಗಿನವರು ಬಾಡಿಗೆ ಕೊಡ್ತಾರೆ, ಮೇಲೆ ನೀನು ಕೂತಿದೀಯ. ಟೀ ಅವನು ಬಗ್ಗಿಸ್ತಾನೆ, ನೀನು ಕುಡೀತೀಯ. ನನ್ನನ್ನ ಕೇಳಬೇಕಾಗಿದ್ದು ಒಂದೇ ಮಾತು. ಕಟ್ಟಿದ್ಯಾ, ಇಲ್ವಾ? ಕಟ್ಟಿದ್ರೆ ಯಾರು ನೋಡಿದಾರೆ, ಕರೆಸು ಅವರನ್ನ. ಅದನ್ನ ಕೇಳೋ ಧೈರ್ಯ ಒಬ್ಬನಿಗೂ ಇಲ್ಲ. ನಾನು ಹಾಕಲ್ಲ ಸಹಿ. ಏನ್ ಬರ್ಕೋತೀಯೋ ಬರ್ಕೋ."

ಮಧ್ಯಸ್ಥ ಬರೆದುಕೊಂಡ. ಪ್ರತಿವಾದಿ ರಾಜಿಗೆ ನಿರಾಕರಿಸಿದ್ದಾರೆ ಎಂದು. ಅವಳು ಆಗ ಹೇಳಿದ್ದರಲ್ಲಿ ಆ ಒಂದು ಸಾಲು ಮಾತ್ರ ದಾಖಲಾಯಿತು.

ಬೀದಿಗೆ ಬಂದ ಮೇಲೆ ಜಿಬೆಕ್ ಅತ್ತಳು.

"ನಿನ್ನ ಹಟ ದೊಡ್ಡದಾಯ್ತು. ನನ್ನ ಮಕ್ಕಳು ಹಿಮದಲ್ಲಿ ಎಲ್ಲಿ ಮಲಗ್ಬೇಕು? ಒಂದು ಸಹಿ ಅಪಾ. ಆ ಹಾಳು ಸಾಲಕ್ಕೆ ಅಷ್ಟೊಂದು ಸಹಿ ಹಾಕ್ದೋಳು, ಇದೊಂದು ಹಾಕೋಕಾಗಲಿಲ್ವಾ?"

ಉಲ್ಕಾನ್ ವ್ಯಾನು ನಿಲ್ಲುವ ಕಡೆಗೆ ನಡೆದಳು. ಮಗಳು ಹೇಳಿದ್ದು ಸರಿಯಾಗಿತ್ತು. ತಾನು ಮಾಡಿದ್ದೂ ಸರಿಯಾಗಿತ್ತು. ಎರಡೂ ಸರಿ ಇದ್ದು ಮಕ್ಕಳ ತಲೆಯ ಮೇಲೆ ಸೂರಿಲ್ಲದಂತಾಯಿತು. ವಾಪಸು ಬರುವಾಗ ವ್ಯಾನಿನಲ್ಲಿ ಜಿಬೆಕ್ ಬೇರೆ ಸೀಟಿನಲ್ಲಿ ಕೂತಳು.

ತೀರ್ಪು ಬಂತು. ಅದನ್ನು ಜಾರಿ ಮಾಡಲು ಕಾಗದ ಹೊರಟದ್ದು ತಾಷ್-ಕೇಚೂವಿನ ಅದೇ ಕೋರ್ಟಿನಿಂದ, ಅದೇ ನ್ಯಾಯಾಧೀಶನ ಸಹಿಯಿಂದ. ಉಲ್ಕಾನ್ ಅವನ ಕೋಣೆಯ ಬಾಗಿಲಲ್ಲಿ ನಿಂತಳು. ಈಗ ಅವನ ನೆಗಡಿ ವಾಸಿಯಾಗಿತ್ತು.

"ಅವತ್ತು ನಮ್ಮ ವ್ಯಾಪ್ತಿಗೆ ಬರಲ್ಲ ಅಂದ್ರಿ."

"ತೀರ್ಮಾನ ಮಾಡೋದು ಬರಲ್ಲ. ಜಾರಿ ಮಾಡೋದು ಬರುತ್ತೆ."

"ಕಟ್ಟಿದೀನೋ ಇಲ್ವೋ, ಅದನ್ನ ಯಾರು ನೋಡ್ತಾರೆ?"

"ಅದನ್ನ ನೋಡಿ ಆಗಿದೆ. ಆ ನ್ಯಾಯಾಲಯ ನೋಡಿದೆ."

"ಅವರು ನೋಡಲಿಲ್ಲ ಸ್ವಾಮಿ. ನಾನು ಎದುರಿಗೇ ಇದ್ದೆ."

"ಅವರು ನೋಡಿದ್ರೋ ಇಲ್ವೋ ಅಂತ ನೋಡೋ ಅಧಿಕಾರ ನನಗಿಲ್ಲ."

ರಾಜಧಾನಿಯ ದೊಡ್ಡ ಕೋರ್ಟಿಗೂ ಅರ್ಜಿ ಹಾಕಿದಳು. ಮಧ್ಯಸ್ಥಿಕೆಯ ತೀರ್ಪು ಅಂತಿಮ, ಮೇಲ್ಮನವಿ ಇಲ್ಲ ಎಂದು ಅರ್ಜಿ ಹಿಂದಕ್ಕೆ ಬಂತು. ಅದನ್ನು ಓದಿ ಹೇಳಿದ ಅರ್ಜಿ ಬರೆಯುವ ಮುದುಕ ಅವಳಿಂದ ದುಡ್ಡು ತೆಗೆದುಕೊಳ್ಳಲಿಲ್ಲ. ಅದರಿಂದಲೇ ಅವಳಿಗೆ ಎಲ್ಲ ಮುಗಿಯಿತೆಂದು ಗೊತ್ತಾಯಿತು.

ಕೋರ್ಟಿನ ಅಮೀನ ಬಂದದ್ದು ಏಪ್ರಿಕಾಟ್ ಎಲೆ ಉದುರುವ ಕಾಲಕ್ಕೆ. ಜೊತೆಗೆ ಇಬ್ಬರು ಪೊಲೀಸರು. ಬ್ಯಾಂಕಿನ ಹರಾಜಿನಲ್ಲಿ ಮನೆ ಕೊಂಡವನು ಬೀದಿಯ ಆಚೆ ಕಾರಿನಲ್ಲಿ ಕೂತು, ಗಾಜು ಇಳಿಸದೆ ನೋಡುತ್ತಿದ್ದ. ಒಲೆಯೊಳಗೆ ರೊಟ್ಟಿ ಬೇಯುತ್ತಿತ್ತು. ಉಲ್ಕಾನ್ ಹೊಸ್ತಿಲ ಮೇಲೆ ಕೂತು ಎರಡೂ ಕೈಯಿಂದ ಬಾಗಿಲ ಚೌಕಟ್ಟು ಹಿಡಿದುಕೊಂಡಳು.

"ಏಳಿ ಎಜೆ," ಎಂದ ಅಮೀನ.

"ಏಳಲ್ಲ."

"ನಮಗೂ ಹೆಂಡ್ತಿ ಮಕ್ಕಳಿದಾರೆ. ನಾವು ಕೂಲಿಯೋರು."

"ನಾನೂ ಕೂಲಿಯೋಳೇ. ಬೇರೆಯೋರ ಮನೆ ಬಾಗಿಲು ಕಿತ್ತಿಲ್ಲ."

ಅಮೀನ ಜೇಬಿನಿಂದ ರಬ್ಬರಿನ ಕೈಗವಸು ತೆಗೆದ. ಒಂದೊಂದೇ ಬೆರಳಿಗೆ ಏರಿಸಿಕೊಂಡ. ಪೊಲೀಸರಿಗೂ ಒಂದೊಂದು ಜೊತೆ ಕೊಟ್ಟ. ಮನೆಯಿಂದ ಹೊರಡುವಾಗಲೇ ಯೋಚಿಸಿ ತಂದಿದ್ದರು. ಉಲ್ಕಾನ್ ಅದನ್ನು ನೋಡಿದಳು. ಅವಳ ಹಿಡಿತ ಅಲ್ಲಿ ಸಡಿಲವಾಯಿತು; ಅವರು ಎಳೆದದ್ದರಿಂದಲ್ಲ. ಸತ್ತ ಕುರಿಯ ತಲೆಯನ್ನು ಅವಳು ಬರಿಗೈಯಲ್ಲೇ ಮುಟ್ಟುತ್ತಿದ್ದಳು.

ಕಂಕುಳಿಗೆ ಕೈ ಹಾಕಿ ಎತ್ತಿ ಅಂಗಳದಲ್ಲಿ ಇಟ್ಟರು. ಜಿಬೆಕ್ ರಜಾಯಿಗಳನ್ನು ಹೊತ್ತು ಹೊತ್ತು ಬೀದಿಗೆ ಹಾಕಿದಳು. ಮಕ್ಕಳು ಅದರ ಮೇಲೆ ಕೂತು ಅಳುವುದನ್ನೂ ಮರೆತು ಕಾರು ನೋಡುತ್ತಿದ್ದವು. ಬೀದಿಯ ಹೆಂಗಸರು ಗೇಟುಗಳಲ್ಲಿ ನಿಂತಿದ್ದರು. ಒಬ್ಬಳು ಬಂದು ಮಕ್ಕಳಿಗೆ ಸಕ್ಕರೆ ಉಂಡೆ ಕೊಟ್ಟು, ಬೇಗ ವಾಪಸು ಹೋದಳು. ಬೀಗ ಹಾಕುವ ಹೊತ್ತಿಗೆ ರೊಟ್ಟಿಯ ವಾಸನೆ ಬೀದಿಗೆಲ್ಲ ಹರಡಿತ್ತು. ಯಾರೂ ರೊಟ್ಟಿಯನ್ನು ಒಲೆಯಿಂದ ತೆಗೆಯಲಿಲ್ಲ.

ಜಿಬೆಕ್ ಮಕ್ಕಳನ್ನು ಕರೆದುಕೊಂಡು ತನ್ನನ್ನು ಬಿಟ್ಟ ಗಂಡನ ತಂಗಿಯ ಊರಿಗೆ ಹೋದಳು. ಆ ಮನೆಯಲ್ಲಿ ಹೆಣ್ಣಾಳು ಬೇಕಿತ್ತು. ಹೋಗುವಾಗ ತಾಯಿಯನ್ನು ಬಿಗಿಯಾಗಿ ಅಪ್ಪಿಕೊಂಡಳು, ಬಾ ಎನ್ನಲಿಲ್ಲ. ಕರೆಯುವ ಹಾಗೂ ಇರಲಿಲ್ಲ. ಉಲ್ಕಾನ್ ಸಂತೆಯ ತಗಡಿನ ಮಾಡಿನ ಕೆಳಗೆ, ಫ್ರೀಜರಿನ ಹಿಂದೆ ಹಲಗೆ ಹಾಕಿಕೊಂಡು ಮಲಗತೊಡಗಿದಳು. ಫ್ರೀಜರಿನ ಬೆನ್ನು ಬೆಚ್ಚಗಿರುತ್ತಿತ್ತು. ಚಳಿಗಾಲದಲ್ಲಿ ಅದಕ್ಕೆ ಒರಗಿಕೊಂಡರೆ ಅರ್ಧ ಮೈ ಮಾತ್ರ ಕೊರೆಯುತ್ತಿತ್ತು.

"ನಮ್ಮ ಮನೆಗೆ ಬಾರೇ," ಎಂದು ಬಾತ್ಮಾ ಕರೆದಳು. "ನನ್ನದೂ ಬಾಡಿಗೆ ಗೂಡು, ನಾವೇ ಐದು ಜನ ಇದೀವಿ. ಇಕ್ಕಟ್ಟಾದ್ರೆ ಬೆಚ್ಚಗಾದ್ರೂ ಇರುತ್ತೆ."

"ನಿನ್ನ ಗೊರಕೆಗಿಂತ ಫ್ರೀಜರ್ ಸದ್ದೇ ವಾಸಿ," ಎಂದಳು ಉಲ್ಕಾನ್.

ಬಾತ್ಮಾ ನಗಲಿಲ್ಲ. ಆ ಚಳಿಗಾಲದಲ್ಲಿ ಅವಳು ನಗುವುದೇ ಕಡಿಮೆಯಾಗಿತ್ತು.

ಅವಳೇ ಒಂದು ದಿನ ಓಡಿ ಬಂದು ಸುದ್ದಿ ಹೇಳಿದಳು. ಎರ್ಮೆಕ್ ಇನ್ನೂ ಕೆಲವರ ದುಡ್ಡು ನುಂಗಿದ್ದನಂತೆ. ಉಪ್ಪಿನಕಾಯಿ ಮಾರುವ ಕೊರಿಯನ್ ಮುದುಕಿಯದು, ಕಲ್ಲಿದ್ದಲು ಹೊರುವವನದು, ಕಕ್ಕಸು ತೊಳೆಯುವವಳದು. ಬ್ಯಾಂಕಿನ ಮುಂಬಾಗಿಲಿಗೆ ಬರಬೇಡಿ ಎನಿಸಿಕೊಂಡವರೇ ಎಲ್ಲ. ಸರ್ಕಾರಿ ವಕೀಲರ ಕಚೇರಿಗೆ ದೂರು ಹೋಗಿ, ಅಲ್ಲಿಂದ ಉಲ್ಕಾನ್‌ಗೂ ಒಂದು ಉತ್ತರ ಬಂದಿತ್ತು. ಎರ್ಮೆಕ್‌ನ ಮೇಲೆ ಪ್ರತ್ಯೇಕವಾಗಿ ದಾವೆ ಹಾಕಬಹುದು, ಇದಕ್ಕೆ ಮಧ್ಯಸ್ಥಿಕೆಯ ಕರಾರು ಅಡ್ಡ ಬರುವುದಿಲ್ಲ, ಸೂಕ್ತ ನ್ಯಾಯಾಲಯಕ್ಕೆ ಹೋಗುವುದು.

"ಮನೆ ಬರುತ್ತಾ?" ಎಂದಳು ಉಲ್ಕಾನ್.

"ಮನೆ ಬರಲ್ಲ," ಎಂದ ಅರ್ಜಿ ಬರೆಯುವ ಮುದುಕ. "ಆದ್ರೆ ನೀನು ದುಡ್ಡು ಕೊಟ್ಟಿದೀಯ ಅಂತ ಒಂದು ಕೋರ್ಟು ಬಾಯಿಬಿಟ್ಟು ಹೇಳಬಹುದು."

ಅದಕ್ಕೆ ಹೋದಳು. ಮನೆಗೋಸ್ಕರ ಅಲ್ಲ. ಆ ಒಂದು ಮಾತಿಗೆ.

ಗುಮಾಸ್ತೆ ಹುಡುಗಿ, ಹಿಂದೆ ಬಾಯಿಗೆ ಕೈ ಅಡ್ಡ ಹಿಡಿದಿದ್ದವಳೇ, ದಾವೆ ತೆಗೆದುಕೊಂಡು ಓದಿದಳು. ಪೂರ್ತಿ ಓದಿದಳು. ಓದಿದ ಮೇಲೆ ಅವಳ ದನಿ ಮೆತ್ತಗಾಗಿತ್ತು.

"ಎಜೆ, ಪ್ರತಿವಾದಿ ಇರೋ ಊರಿನ ಕೋರ್ಟಲ್ಲಿ ಹಾಕಬೇಕು. ಇವನು ರಷ್ಯಾದಲ್ಲಿದಾನೆ. ಯಾವ ಊರು ಗೊತ್ತಾ?"

"ಗೊತ್ತಿದ್ರೆ ನಾನೇ ಹೋಗಿ ಹಿಡೀತಿದ್ದೆ."

"ಹಾಗಿದ್ರೆ ನೀವು ವಾಸ ಇರೋ ಊರಿನ ಕೋರ್ಟಲ್ಲಿ ಹಾಕಬಹುದು. ನಿಮ್ಮ ನೋಂದಣಿ ವಿಳಾಸ ಹೇಳಿ."

ಉಲ್ಕಾನ್ ಬೀದಿಯ ಹೆಸರು ಹೇಳಿದಳು. ಹುಡುಗಿ ಕಂಪ್ಯೂಟರಿನಲ್ಲಿ ನೋಡಿದಳು.

"ಅದನ್ನ ತೆಗೆದುಹಾಕಿದಾರೆ. ಮನೆ ಬೇರೆಯವರ ಹೆಸರಲ್ಲಿದೆ. ಈಗ ಎಲ್ಲಿದೀರಿ?"

"ಸಂತೆಯಲ್ಲಿ."

"ಸಂತೆ ವಿಳಾಸ ಅಲ್ಲ ಎಜೆ. ಯಾರಾದ್ರೂ ಸಂಬಂಧಿಕರ ಮನೆಗೆ ಹೆಸರು ಸೇರಿಸ್ಕೊಳ್ಳಿ."

"ಯಾರು ಸೇರಿಸ್ಕೋತಾರೆ? ನನ್ನ ಸ್ನೇಹಿತೆದೂ ಬಾಡಿಗೆ ಗೂಡು, ಅವಳ ಹೆಸರೇ ಆ ಮನೇಲಿ ನೋಂದಣಿ ಆಗಿಲ್ಲ."

ಹುಡುಗಿ ಕಾಗದಗಳನ್ನು ಜೋಡಿಸಿ, ಅಂಚು ಸರಿಮಾಡಿ, ಕಿಟಕಿಯ ಕಂಡಿಯಿಂದ ಹೊರಗಿಟ್ಟಳು. "ವಿಳಾಸ ಇಲ್ಲದೆ ನಾನು ತಗೊಳ್ಳೋ ಹಾಗಿಲ್ಲ. ಇದು..." ಎಂದು ತಡೆದಳು. ಆ ಮಾತು ಮುಗಿಸಲು ಅವಳಿಗೆ ನಾಚಿಕೆಯಾಯಿತು.

ಉಲ್ಕಾನ್ ಕಾಗದ ತೆಗೆದುಕೊಳ್ಳಲಿಲ್ಲ. ಕಂಡಿಯ ಕೆಳಗೆ, ಕಾರಿಡಾರಿನ ನೆಲದ ಮೇಲೆ ಕೂತಳು. ಬೂಟು ಬಿಚ್ಚಿ ಪಕ್ಕಕ್ಕಿಟ್ಟಳು, ಮನೆಯೊಳಗೆ ಬಂದವರ ಹಾಗೆ.

"ಎಜೆ, ಏನು ಮಾಡ್ತಿದೀರಿ?"

"ವಾಸ ಮಾಡ್ತಿದೀನಿ. ಬರ್ಕೋ. ತಾಷ್-ಕೇಚೂ ಕೋರ್ಟು, ಕೆಳಗಿನ ಮಹಡಿ, ಕಿಟಕಿ ಹತ್ರ."

"ಹಂಗೆಲ್ಲ ಬರೆಯೋಕಾಗಲ್ಲ."

"ಬರಿ ಮಗಳೇ. ನಾನು ಇಲ್ಲಿಂದ ಎಲ್ಲಿಗೂ ಹೋಗಲ್ಲ. ಊರಲ್ಲಿರೋ ಕೋರ್ಟಿಗೆಲ್ಲ ಹೋಗಿ ಬಂದೆ. ಈಗ ಕೋರ್ಟೇ ನನ್ನ ಮನೆ."

ಜನ ಸೇರಿದರು. ಯಾರೋ ನಕ್ಕರು. ಯಾರೋ ಕಿಟಕಿ ತೆಗೆದರು. ನ್ಯಾಯಾಧೀಶ ಊಟಕ್ಕೆ ಹೊರಟವನು ಗೋಡೆಯ ಪಕ್ಕಕ್ಕೆ ಸರಿದು ಅವಳನ್ನು ದಾಟಿಕೊಂಡು ಹೋದ. ವಾಪಸು ಬಂದಾಗಲೂ ಹಾಗೆಯೇ ದಾಟಿದ. ಹುಡುಗಿ ಒಂದು ಬಟ್ಟಲು ಟೀ ತಂದು ಅವಳ ಮುಂದಿಟ್ಟು ಒಳಗೆ ಹೋದಳು. ಉಲ್ಕಾನ್ ಕುಡಿದಳು. ದಾವೆಯ ಕಾಗದ ಕಂಡಿಯಲ್ಲೇ ಇತ್ತು. ಅದರ ಮೇಲೆ ಯಾರೂ ಮುದ್ರೆ ಒತ್ತಲಿಲ್ಲ.

ಕೋರ್ಟು ಮುಚ್ಚುವ ಹೊತ್ತಿಗೆ ಕಾವಲಿನವರು ಬಂದರು. ಅವಳು ಮೈ ಸಡಿಲ ಬಿಟ್ಟಳು. ಉಸಿರು ಹೋದ ಮೈ ಎಷ್ಟು ಭಾರವಾಗುತ್ತದೆ ಎಂದು ಅವಳಿಗೆ ಗೊತ್ತಿತ್ತು. ಇಬ್ಬರಿಂದ ಆಗಲಿಲ್ಲ. ಮೂರನೆಯವನನ್ನು ಕರೆದರು. ಮೆಟ್ಟಿಲ ಮೇಲೆ ಕೂರಿಸಿದರು, ಬೂಟುಗಳನ್ನು ತಂದು ಪಕ್ಕದಲ್ಲಿಟ್ಟರು, ಕಾಗದಗಳನ್ನು ಬೂಟಿನೊಳಗೆ ಸುರುಳಿ ಮಾಡಿ ತುರುಕಿದರು.

"ನಾಳೆ ಬಂದ್ರೆ ಒಳಗೆ ಬಿಡಬಾರದು ಅಂತ ಹೇಳಿದಾರೆ," ಎಂದ ಒಬ್ಬ. ಅವನೂ ಆ ಊರಿನವನೇ. "ನನ್ನ ಮೇಲೆ ಸಿಟ್ಟಾಗಬೇಡಿ."

"ಯಾವ ಕೋರ್ಟಿಗೆ ಹೋಗಿ ಹೇಳಲಿ ಅದನ್ನ?" ಎಂದಳು ಉಲ್ಕಾನ್.

ಅವನು ತಮಾಷೆಯೆಂದುಕೊಂಡು ಅರೆಮನಸ್ಸಿನಲ್ಲಿ ನಕ್ಕ. ಬಾಗಿಲು ಒಳಗಿನಿಂದ ಮುಚ್ಚಿತು.

ಹಿಮ ಬೀಳುತ್ತಿತ್ತು. ಬರಿಗಾಲಿನಲ್ಲಿ ಸ್ವಲ್ಪ ಹೊತ್ತು ಕೂತಳು. ಮಾರನೆಯ ದಿನ ದೊಡ್ಡ ಸಂತೆ. ಬೆಳಿಗ್ಗೆ ಕಡಿದ ಕುರಿಗಳ ತಲೆಗಳು ಚೀಲದಲ್ಲಿ ಹಾಗೇ ಬಿದ್ದಿದ್ದವು. ಕೂದಲು ಹೆಪ್ಪುಗಟ್ಟಿದರೆ ಉರಿಗೆ ಸರಿಯಾಗಿ ಹತ್ತುವುದಿಲ್ಲ. ಕಾಗದ ತೆಗೆದು ಎದೆಯೊಳಗಿಟ್ಟುಕೊಂಡು, ಬೂಟು ಹಾಕಿಕೊಂಡು, ಉಲ್ಕಾನ್ ಕೆಲಸಕ್ಕೆ ಹೋದಳು.